ಎದುರುದಾರನ ಸಾವು ಮತ್ತು ಮೇಲ್ಮನವಿಯ ತೊಂಬತ್ತು ದಿನ

ಕ್ಯಾತ್ಸಂದ್ರದಂಥ ಊರಿನಲ್ಲಿ ಜಮೀನಿನ ಯಜಮಾನ ತೀರಿಕೊಂಡರೆ, ತಿಥಿ ಮುಗಿದ ಮೇಲೆ ಮನೆಯವರು ನಾಡಕಚೇರಿಗೆ ಅಲೆಯುತ್ತಾರೆ. ಮರಣ ಪ್ರಮಾಣಪತ್ರ, ವಂಶವೃಕ್ಷ, ಪೌತಿ ಖಾತೆ ಎಲ್ಲವೂ ಆಗುತ್ತದೆ. ಅದೇ ಜಮೀನಿನ ಭಾಗದ ವ್ಯಾಜ್ಯ ಎರಡನೇ ಮೇಲ್ಮನವಿಯಾಗಿ ಬೆಂಗಳೂರಿನ ಹೈಕೋರ್ಟಿನಲ್ಲಿದ್ದರೆ, ಆ ಸಾವು ಅಲ್ಲಿಗೆ ತಲುಪುವುದೇ ಇಲ್ಲ.

ಸಿವಿಲ್ ಪ್ರಕ್ರಿಯಾ ಸಂಹಿತೆಯ 22ನೇ ಆದೇಶದ ನಿಯಮಗಳು 11ನೇ ನಿಯಮದ ಮೂಲಕ ಮೇಲ್ಮನವಿಗೂ ಅನ್ವಯಿಸುತ್ತವೆ. ಎದುರುದಾರ ಸತ್ತರೆ ಅವನ ವಾರಸುದಾರರನ್ನು ದಾಖಲೆಗೆ ತರುವ ಹೊಣೆ ಮೇಲ್ಮನವಿದಾರನದು. 1963ರ ಕಾಲಮಿತಿ ಕಾಯ್ದೆಯ 120ನೇ ಅನುಚ್ಛೇದ ಇದಕ್ಕೆ ಸಾವಿನ ದಿನದಿಂದ 90 ದಿನ ಕೊಡುತ್ತದೆ. ಅದು ಕಳೆದರೆ ಸತ್ತವನ ಮಟ್ಟಿಗೆ ಮೇಲ್ಮನವಿ ತಾನಾಗಿಯೇ ಬಿದ್ದುಹೋಗುತ್ತದೆ, ನ್ಯಾಯಾಲಯದ ಆದೇಶವೂ ಬೇಕಿಲ್ಲ. ಹಾಗೆ ಬಿದ್ದುಹೋದದ್ದನ್ನು ರದ್ದುಪಡಿಸಿಕೊಳ್ಳಲು ಮತ್ತೆ 60 ದಿನ. ಆಮೇಲೆ ಉಳಿಯುವುದು ಅದೇ ಕಾಲಮಿತಿ ಕಾಯ್ದೆಯ 5ನೇ ಕಲಮಿನ ವಿಳಂಬ ಮನ್ನಾ ಅರ್ಜಿಯೊಂದೇ.

ಒಬ್ಬನ ಸಾವು ಇಡೀ ಮೇಲ್ಮನವಿಯನ್ನು ಕೆಡವುವುದೂ ಉಂಟು. ಪಂಜಾಬ್ ಸರ್ಕಾರ ಮತ್ತು ನಾಥು ರಾಮ್ ನಡುವಿನ ಪ್ರಕರಣದಲ್ಲಿ ಭೂಸ್ವಾಧೀನದ ಪರಿಹಾರ ಅಣ್ಣತಮ್ಮಂದಿರಿಬ್ಬರಿಗೆ ಜಂಟಿಯಾಗಿ ಸಂದಿತ್ತು. ಒಬ್ಬ ತೀರಿಕೊಂಡ, ಸರ್ಕಾರ ಅವನ ವಾರಸುದಾರರನ್ನು ತರಲಿಲ್ಲ. ಬದುಕಿದ್ದವನ ವಿರುದ್ಧದ ಮೇಲ್ಮನವಿಯೂ ನಿಲ್ಲದು ಎಂದಿತು ಸುಪ್ರೀಂ ಕೋರ್ಟ್: ಒಂದೇ ಜಮೀನಿಗೆ ಒಂದಕ್ಕೊಂದು ತಾಳೆಯಾಗದ ಎರಡು ಡಿಕ್ರಿ ಇರಲಾಗದು. ಸರ್ದಾರ್ ಅಮರ್ಜಿತ್ ಸಿಂಗ್ ಕಾಲ್ರಾ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಈ ಬಿಗಿಯನ್ನು ಸಡಿಲಿಸಿತು. ಆದರೂ ಅವಿಭಾಜ್ಯ ಡಿಕ್ರಿಗಳಲ್ಲಿ ಅಪಾಯ ಉಳಿದೇ ಇದೆ.

ಮೊದಲು ಕರ್ನಾಟಕ ಹೈಕೋರ್ಟಿನಲ್ಲಿದ್ದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ 2008ರಲ್ಲಿ ಸುಪ್ರೀಂ ಕೋರ್ಟಿನ ಪೆರುಮೋನ್ ಭಗವತಿ ದೇವಸ್ವಂ ತೀರ್ಪಿನಲ್ಲಿ ವಾಸ್ತವವನ್ನು ಸರಿಯಾಗಿ ಹಿಡಿದರು. ದಾಖಲಾದ ಮೇಲ್ಮನವಿ ಹೈಕೋರ್ಟಿನಲ್ಲಿ ವರ್ಷಗಟ್ಟಲೆ ಸುಮ್ಮನಿರುತ್ತದೆ. ವಾಯಿದೆಯಿಲ್ಲ, ಕಕ್ಷಿದಾರ ಬರಬೇಕಾಗಿಯೂ ಇಲ್ಲ. ಆದ್ದರಿಂದ ವಿಳಂಬವನ್ನು ಉದಾರವಾಗಿ ನೋಡಬೇಕು ಎಂದರು. ನನ್ನ ವಾದ ಇನ್ನೊಂದು ಹೆಜ್ಜೆ ಮುಂದಿನದು. ಭಾಗದ ದಾವೆಗಳಲ್ಲಿ ಎದುರುದಾರ ಹೊರಗಿನವನಲ್ಲ, ದಾಯಾದಿ. ಮೇಲ್ಮನವಿದಾರನೇ ಚಟ್ಟಕ್ಕೆ ಹೆಗಲು ಕೊಟ್ಟಿರಬಹುದು. ಹಾಗಾಗಿ ‘ಸಾವು ನಿಮಗೆ ಯಾವಾಗ ತಿಳಿಯಿತು’ ಎಂಬ ಪ್ರಶ್ನೆ ಅವನನ್ನು ಸೋಲಿಸುತ್ತದೆ. ಅವನಿಗೆ ಸಾವು ಗೊತ್ತಿತ್ತು. ಅದನ್ನು ನ್ಯಾಯಾಲಯಕ್ಕೆ ಹೇಳಬೇಕೆಂಬುದು ಗೊತ್ತಿರಲಿಲ್ಲ. ‘ಸಾಕಷ್ಟು ಕಾರಣ’ವನ್ನು ಅಳೆಯಬೇಕಾದದ್ದು ಈ ಎರಡನೆಯ ಅರಿವಿನಿಂದ.

1976ರ ತಿದ್ದುಪಡಿ 22ನೇ ಆದೇಶಕ್ಕೆ ತಂದ 10ಎ ನಿಯಮದಂತೆ ಸತ್ತ ಕಕ್ಷಿದಾರನ ವಕೀಲ, ವಿಷಯ ತಿಳಿದೊಡನೆ, ನ್ಯಾಯಾಲಯಕ್ಕೆ ತಿಳಿಸಬೇಕು. ಅದೊಂದು ಕೆಲಸದ ಮಟ್ಟಿಗೆ ಸತ್ತವನೊಡನೆ ವಕೀಲನ ಕರಾರು ಜೀವಂತವೆಂದೇ ಲೆಕ್ಕ. ಆದರೆ ಎದುರುದಾರನ ಮನೆಯವರಿಗೆ ಮೌನದಲ್ಲೇ ಲಾಭ. ಅವರು ಹೇಳದೆ ವಕೀಲನಿಗೆ ತಿಳಿಯುವುದು ಹೇಗೆ? ಹಳೆಯ ಮೇಲ್ಮನವಿಯನ್ನು ಅಂತಿಮ ವಿಚಾರಣೆಗೆ ಹಾಕುವ ಮುನ್ನ, ಕಕ್ಷಿದಾರರೆಲ್ಲ ಬದುಕಿದ್ದಾರೆಯೇ ಎಂದು ಎರಡೂ ಕಡೆಯ ವಕೀಲರಿಂದ ಲಿಖಿತವಾಗಿ ಕೇಳುವ ಪದ್ಧತಿ ಬರಬೇಕು. ಅಲ್ಲಿಯವರೆಗೆ, ಮೇಲ್ಮನವಿ ಹಾಕಿದವರು ಎದುರು ಪಕ್ಷದಲ್ಲಿ ಸಾವಾದ ವಾರದೊಳಗೆ ತಮ್ಮ ವಕೀಲರಿಗೆ ಒಂದು ಫೋನ್ ಮಾಡಲಿ.