ಹೊಯ್ಸಳ ರೂವಾರಿಗಳೂ ಅವರ ಊರುಗಳೂ

ಒಂದು ನಾಡಿನ ಚರಿತ್ರೆಯನ್ನು ಅರಸರ ವಂಶಾವಳಿಯಿಂದಲೂ ಯುದ್ಧಗಳ ವಾರ್ತೆಯಿಂದಲೂ ತಿಳಿಯುವುದು ವಾಡಿಕೆ. ಅದೇ ಚರಿತ್ರೆಯನ್ನು ಕಸುಬುಗಾರರ ಊರುಗಳಿಂದ ತಿಳಿಯುವ ಮಾರ್ಗವೂ ಒಂದುಂಟು. ವಿಯೆಟ್ನಾಮ್ ದೇಶದಲ್ಲಿ ಈ ಮಾರ್ಗವು ಬಲು ಸುಗಮವಾಗಿರುವುದು. ಅಲ್ಲಿಯ ರಾಜಧಾನಿಯಾದ ಹನೋಯ್ ನಗರದ ಸುತ್ತಲೂ ಕೆಂಪುನದಿಯ ಬಯಲಿನಲ್ಲಿ ಒಂದೊಂದು ಕಸುಬಿಗೆ ಹೆಸರಾದ ಒಂದೊಂದು ಹಳ್ಳಿಯನ್ನು ಕಾಣಬಹುದು. ಬಾಟ್ ಚಾಂಗ್ ಎಂಬಲ್ಲಿ ಪಿಂಗಾಣಿಯ ಪಾತ್ರೆ, ವಾನ್ ಫುಕ್ ಎಂಬಲ್ಲಿ ರೇಷ್ಮೆಯ ನೆಯ್ಗೆ, ಡೋಂಗ್ ಹೋ ಎಂಬಲ್ಲಿ ಮರದ ಅಚ್ಚಿನಿಂದ ಕಾಗದದ ಮೇಲೆ ಚಿತ್ರವನ್ನೊತ್ತುವ ಕೆಲಸ. ಬೆಳಗ್ಗೆ ನಗರವನ್ನು ಬಿಟ್ಟವರು ಎರಡು ಮೂರು ಹಳ್ಳಿಗಳನ್ನು ನೋಡಿ ಸಂಜೆಗೆ ಹಿಂದಿರುಗುವರು. ಇಂತಹ ಹಳ್ಳಿಗಳಲ್ಲಿ ಕಸುಬನ್ನು ಮೊದಲು ಕಲಿಸಿದ ಮೂಲಪುರುಷನನ್ನು ಊರದೇವರಂತೆ ಪೂಜಿಸುವ ಪದ್ಧತಿಯುಂಟು. ಆದುದರಿಂದ ಕಸುಬಿನೊಡನೆ ಕಸುಬುಗಾರನ ನೆನಪೂ ಅಲ್ಲಿ ಬಾಳಿಕೊಂಡು ಬಂದಿದೆ.

ಕನ್ನಡನಾಡಿನಲ್ಲಿಯೂ ಇಂತಹ ಊರುಗಳಿಗೆ ಕೊರತೆಯಿಲ್ಲ. ಚನ್ನಪಟ್ಟಣವೆಂದೊಡನೆ ಅರಗು ಬಣ್ಣದ ಮರದ ಗೊಂಬೆಯೂ, ಇಳಕಲ್ಲೆಂದೊಡನೆ ಸೀರೆಯೂ, ಬೀದರವೆಂದೊಡನೆ ಬೆಳ್ಳಿಯೆಳೆಯ ಕಪ್ಪು ಪಾತ್ರೆಯೂ, ಕಿನ್ನಾಳವೆಂದೊಡನೆ ಬಣ್ಣದ ದೇವರ ಗೊಂಬೆಯೂ ಮನಸ್ಸಿಗೆ ಬರುವುವು. ಊರಿನ ಹೆಸರು ವಸ್ತುವಿಗೆ ಅಂಟಿಕೊಂಡಿದೆ. ಮಾಡಿದವನ ಹೆಸರು ಮಾತ್ರ ಅಂಟಿಕೊಂಡಿಲ್ಲ. ಕೊಂಡವನು ಊರನ್ನು ಕೇಳುವನೇ ಹೊರತು ಮಾಡಿದವನನ್ನು ಕೇಳನು. ಹಾಗಾದರೆ ಕುಶಲಕರ್ಮಿಯು ತನ್ನ ಹೆಸರನ್ನೂ ತನ್ನ ಊರನ್ನೂ ತಾನೇ ಬರೆದಿಟ್ಟುಹೋದ ಸ್ಥಳವು ಈ ನಾಡಿನಲ್ಲಿ ಇಲ್ಲವೇ? ಉಂಟು, ಅದು ಹಾಸನ ಜಿಲ್ಲೆಯಲ್ಲಿಯೇ, ಮಲೆಯ ಸೀಮೆಯಿಂದ ಒಂದು ಹಗಲಿನ ಪ್ರಯಾಣದೊಳಗೆ ಇರುವುದು.

ಸಕಲೇಶಪುರದ ಬೆಟ್ಟಸಾಲಿನ ಹೊಂಗಡಹಳ್ಳದಂತಹ ಊರಿನಿಂದ ಹೊರಟರೆ ಈ ಪ್ರಯಾಣದ ಅರ್ಥವು ಚೆನ್ನಾಗಿ ತಿಳಿಯುವುದು. ಮಲೆನಾಡಿನ ಕುಶಲಕಲೆಯೆಲ್ಲ ಕಾಡು ಕೊಟ್ಟ ವಸ್ತುವಿನಿಂದಾದುದು. ಬಿದಿರನ್ನು ಸೀಳಿ ಹೆಣೆದ ಬುಟ್ಟಿ, ಮೊರ, ತಡಿಕೆ. ಮಳೆಗೆ ಸೂಡಿಕೊಳ್ಳುವ ಗೊರಬು. ಮನೆಯ ಕಂಬ, ತೊಲೆ, ಬಾಗಿಲವಾಡ. ಇವುಗಳಲ್ಲಿ ಕೈಚಳಕವು ಕಡಮೆಯೇನೂ ಇಲ್ಲ; ಮೇದರ ಕೈಯ ಒಂದು ಬುಟ್ಟಿಯು ವರುಷಗಟ್ಟಲೆ ಕಾಫಿಯ ಹಣ್ಣನ್ನು ಹೊತ್ತೀತು. ಆದರೆ ಮಲೆಯ ಮಳೆಗೆ ಬಿದಿರೂ ನಿಲ್ಲದು, ಮರವೂ ಬಹುಕಾಲ ನಿಲ್ಲದು. ವಸ್ತುವು ಮಣ್ಣಾದಾಗ ಅದನ್ನು ಮಾಡಿದವನ ನೆನಪೂ ಮಣ್ಣಾಗುವುದು. ಕಲ್ಲಿನ ಕಟ್ಟಡಗಳ ವಿಷಯದಲ್ಲಿಯೂ ಯಾವಾಗಲೂ ಬೇರೆಯಾಗಿಲ್ಲ. ಸಕಲೇಶಪುರದ ಸಮೀಪದಲ್ಲಿ ನಕ್ಷತ್ರದ ಆಕಾರದ ಮಂಜರಾಬಾದಿನ ಕೋಟೆಯಿದೆ. ೧೭೯೨ರಲ್ಲಿ ಟಿಪ್ಪು ಸುಲ್ತಾನನು ಅದನ್ನು ಕಟ್ಟಿಸಿದನೆಂದು ನೋಡಲು ಬಂದವರೆಲ್ಲರೂ ಹೇಳುವರು. ಕಟ್ಟಿದವರ ಮಾತು ಯಾರ ಬಾಯಲ್ಲಿಯೂ ಬರುವುದಿಲ್ಲ.

ಹೇಮಾವತಿಯ ತೀರದ ಸಕಲೇಶಪುರದಿಂದ ಈಶಾನ್ಯಕ್ಕೆ ಹೋದರೆ ಕಾಡು ತೆಳುವಾಗಿ, ತೋಟಗಳು ಹಿಂದುಳಿದು, ಯಗಚಿಯ ಬಯಲಿನಲ್ಲಿ ಬೇಲೂರು ಕಾಣುವುದು. ಇಲ್ಲಿಯ ಚನ್ನಕೇಶವ ದೇವಾಲಯವನ್ನು ಹೊಯ್ಸಳ ವಿಷ್ಣುವರ್ಧನನು ೧೧೧೭ರಲ್ಲಿ ಪ್ರತಿಷ್ಠೆ ಮಾಡಿಸಿದನು. ಆಗ ದೇವರಿಗೆ ವಿಜಯನಾರಾಯಣನೆಂದು ಹೆಸರು. ಚೋಳರಿಂದ ತಲಕಾಡನ್ನು ಗೆದ್ದುದರ ಸ್ಮರಣೆಗಾಗಿ ಇದನ್ನು ಕಟ್ಟಿಸಿದನೆಂಬ ಮಾತೂ ಪ್ರಸಿದ್ಧವಾಗಿದೆ. ಸಾಮಾನ್ಯವಾಗಿ ಯಾತ್ರಿಕರು ಇಷ್ಟನ್ನು ಕೇಳಿ, ಮದನಿಕೆಯರ ಚೆಲುವನ್ನು ನೋಡಿ, ಮುಂದಕ್ಕೆ ಹೋಗುವರು. ಹೊರಗೆ ಸೂರಿನ ಕೆಳಗೆ ೩೮, ಒಳಗೆ ನವರಂಗದಲ್ಲಿ ೪, ಹೀಗೆ ಒಟ್ಟು ೪೨ ಮದನಿಕೆಯರು ಇಲ್ಲಿರುವರು. ಆ ಚೆಲುವೆಯರ ಮುಖದಿಂದ ದೃಷ್ಟಿಯನ್ನು ಕೆಳಗಿಳಿಸಿ ಪೀಠದ ಕಡೆಗೆ ನೋಡುವವರು ವಿರಳ. ನೋಡಿದವರಿಗೆ ಹಲವು ಕಡೆ ಸಣ್ಣ ಹಳಗನ್ನಡದ ಅಕ್ಷರಗಳು ಕಾಣುವುವು. ಅವೇ ರೂವಾರಿಗಳ ಅಂಕಿತಗಳು.

ಆ ಅಂಕಿತಗಳಲ್ಲಿ ಬಳ್ಳಿಗಾವೆಯ ದಾಸೋಜನ ಹೆಸರುಂಟು. ಅವನ ಮಗ ಚಾವಣನ ಹೆಸರುಂಟು. ಮದನಿಕೆಯರಲ್ಲಿ ನಾಲ್ಕು ತಂದೆಯ ಕೆಲಸವೆಂದೂ ಐದು ಮಗನ ಕೆಲಸವೆಂದೂ ತಿಳಿದುಬರುವುದು. ಗದುಗಿನ ನಾಗೋಜ, ಮಲ್ಲಿಯಣ್ಣ, ಚಿಕ್ಕಹಂಪ ಮೊದಲಾದವರ ಹೆಸರುಗಳೂ ಇಲ್ಲಿ ದೊರೆಯುವುವು. ‘ರೂವಾರಿ’ ಎಂಬುದು ರೂಪವನ್ನು ಮಾಡುವವನೆಂಬ ಅರ್ಥದ ಸಂಸ್ಕೃತ ಶಬ್ದದ ತದ್ಭವ. ‘ಓಜ’ ಎಂಬುದು ಉಪಾಧ್ಯಾಯ ಶಬ್ದದ ತದ್ಭವ. ದಾಸೋಜ, ನಾಗೋಜ, ಮಲ್ಲೋಜ ಎಂಬ ಹೆಸರುಗಳಲ್ಲಿ ಕಲಿಸುವವನ ಪದವಿಯೇ ಅಡಗಿದೆ. ಉಳಿಯನ್ನು ಹಿಡಿಯುವುದು ಅಂದು ಬರಿಯ ಕೂಲಿಯಾಗಿರಲಿಲ್ಲ, ವಿದ್ಯೆಯಾಗಿದ್ದಿತು ಎಂಬುದಕ್ಕೆ ಈ ಎರಡಕ್ಷರವೇ ಸಾಕ್ಷಿ. ಕೆಲವರು ತಮ್ಮ ಹೆಸರಿನೊಡನೆ ಬಿರುದುಗಳನ್ನೂ ಹೇಳಿಕೊಂಡಿರುವರು. ಇತರ ರೂವಾರಿಗಳನ್ನು ಮೀರಿಸಿದವರೆಂದು ಹೆಮ್ಮೆಪಟ್ಟಿರುವರು. ವೀರಭಟರಿಗೆ ಸಲ್ಲುತ್ತಿದ್ದ ಮಾತನ್ನು ಕಲ್ಲುಕುಟಿಗರೂ ತಮಗೆ ಸಲ್ಲಿಸಿಕೊಂಡರು.

ಇಲ್ಲಿ ಗಮನಿಸತಕ್ಕ ಮುಖ್ಯಾಂಶವು ಊರಿನದು. ಬಳ್ಳಿಗಾವೆಯು ಇಂದಿನ ಶಿವಮೊಗ್ಗ ಜಿಲ್ಲೆಯ ಶಿಕಾರಿಪುರ ತಾಲ್ಲೂಕಿನದು. ಅದು ಕಲ್ಯಾಣದ ಚಾಲುಕ್ಯರ ಕಾಲದಲ್ಲಿ ಮಠಗಳಿಂದಲೂ ವಿದ್ಯಾಸ್ಥಾನಗಳಿಂದಲೂ ದೇವಾಲಯಗಳಿಂದಲೂ ತುಂಬಿದ ಪಟ್ಟಣ. ಗದುಗು ಇನ್ನೂ ಉತ್ತರದ್ದು. ಅದರ ನೆರೆಯ ಲಕ್ಕುಂಡಿಯಲ್ಲಿ ಚಾಲುಕ್ಯ ಶಿಲ್ಪದ ಅತ್ಯುತ್ತಮ ಮಾದರಿಗಳಿವೆ. ಬೇಲೂರಿನ ಕೆಲಸವು ಬೇಲೂರಿನಲ್ಲಿಯೇ ಹುಟ್ಟಿದ ಪವಾಡವಲ್ಲ. ಅನೇಕ ದಿನಗಳ ದಾರಿಯನ್ನು ನಡೆದು ಬಂದ ಕಸುಬುಗಾರರು ತಮ್ಮ ಊರಿನ ಪಳಗಿದ ಕೈಯನ್ನು ಇಲ್ಲಿಗೆ ತಂದರು. ಪ್ರತಿಷ್ಠೆ ನಡೆದ ಮರುವರುಷವೇ, ಅಂದರೆ ೧೧೧೮ರಲ್ಲಿ, ವಿಷ್ಣುವರ್ಧನನ ದಂಡನಾಯಕ ಗಂಗರಾಜನು ಕಣ್ಣೆಗಾಲದಲ್ಲಿ ಚಾಲುಕ್ಯರ ಸೇನೆಯನ್ನು ಸೋಲಿಸಿದನು. ಅರಸರ ನಡುವೆ ಕತ್ತಿಯಾಡುತ್ತಿದ್ದ ಕಾಲವದು. ಆದರೂ ಚಾಲುಕ್ಯರ ನಾಡಿನ ಉಳಿಯು ಹೊಯ್ಸಳರ ಗುಡಿಯಲ್ಲಿ ಆಡಿತು. ರಾಜ್ಯದ ಗಡಿಯು ಕಸುಬಿಗೆ ಗಡಿಯಾಗಲಿಲ್ಲ.

ಹೀಗೆ ಬಂದ ಕೈಗಳಿಗೆ ಒಪ್ಪುವ ಕಲ್ಲು ಈ ಸೀಮೆಯಲ್ಲಿ ದೊರೆತುದು ಭಾಗ್ಯವೇ ಸರಿ. ಬಳಪದ ಕಲ್ಲು ಗಣಿಯಿಂದ ತೆಗೆದಾಗ ಮೃದುವಾಗಿರುವುದು. ಗಾಳಿಗೆ ಒಡ್ಡಿದಷ್ಟೂ ಗಟ್ಟಿಯಾಗುವುದು. ಕಣಶಿಲೆಯಲ್ಲಿ ಆಗದ ಸೂಕ್ಷ್ಮವಾದ ಕೆಲಸವು ಇದರಲ್ಲಿ ಸಾಧ್ಯ. ಕೊರಳ ಹಾರದ ಒಂದೊಂದು ಮಣಿಯನ್ನೂ, ಲತೆಯ ಮರೆಯಲ್ಲಿ ಕುಳಿತ ಕೀಟವನ್ನೂ ಬಿಡಿಸಿ ತೋರಿಸಬಹುದು. ಬಡಗಿಯು ಮರಕ್ಕೂ ಅಕ್ಕಸಾಲೆಯು ಚಿನ್ನಕ್ಕೂ ಮಾಡುವ ಕೆಲಸವನ್ನು ಕಲ್ಲುಕುಟಿಗನು ಕಲ್ಲಿಗೆ ಮಾಡಿದನು. ನುಣುಪಾದ ಬಳೆಗಳನ್ನುಳ್ಳ ದುಂಡು ಕಂಬಗಳು ಕಡೆಸಲು ಹಿಡಿದಂತೆ ತೋರುವುವು. ಮದನಿಕೆಯರನ್ನು ಬೇರೆಯಾಗಿ ಕಡೆದು, ಕಂಬದ ಬೋದಿಗೆಗೂ ಸೂರಿಗೂ ನಡುವೆ ಓರೆಯಾಗಿ ಕೂರಿಸಿದರು. ಇದರಿಂದ ಒಬ್ಬೊಬ್ಬ ರೂವಾರಿಗೂ ತನ್ನದೇ ಎನ್ನಬಹುದಾದ ಒಂದು ಕೆಲಸವು ಪೂರ್ಣವಾಗಿ ದೊರೆತಿತು. ತನ್ನದಾದ ಕೆಲಸಕ್ಕೆ ತನ್ನ ಹೆಸರನ್ನು ಹಾಕುವ ಆಸೆ ಮನುಷ್ಯನಿಗೆ ಸಹಜವೇ ಅಲ್ಲವೇ?

ಬೇಲೂರಿನಿಂದ ೧೬ ಕಿಲೋಮೀಟರು ದೂರದ ಹಳೇಬೀಡು ಹೊಯ್ಸಳರ ರಾಜಧಾನಿಯಾದ ದೋರಸಮುದ್ರ. ೧೩೧೧ರಲ್ಲಿ ಮಲಿಕ್ ಕಾಫೂರನ ದಂಡಯಾತ್ರೆಗೆ ತುತ್ತಾಗಿ, ಮುಂದೆ ಕೈಬಿಟ್ಟುಹೋದ ಪಟ್ಟಣವು ‘ಹಳೆಯ ಬೀಡು’ ಎನಿಸಿಕೊಂಡಿತು. ಇಲ್ಲಿಯ ಹೊಯ್ಸಳೇಶ್ವರ ದೇವಾಲಯದ ಕೆಲಸವನ್ನು ೧೧೨೧ರ ಸುಮಾರಿನಲ್ಲಿ ವಿಷ್ಣುವರ್ಧನನ ಅಧಿಕಾರಿಯಾದ ಕೇತಮಲ್ಲನು ಆರಂಭಿಸಿದನು. ಕೆಲಸವು ದಶಕಗಳವರೆಗೆ ನಡೆಯಿತು. ಒಂದನೆಯ ನರಸಿಂಹನ ಕಾಲದ ಕೇದಾರೋಜನೆಂಬ ಶಿಲ್ಪಾಚಾರ್ಯನ ಹೆಸರು ಇದರೊಡನೆ ಸೇರಿದೆ. ಬಲ್ಲಣ, ಬೋಚಣ, ಕೇತಣ, ರೇವೋಜ ಮುಂತಾದ ಹೆಸರುಗಳು ಗೋಡೆಯ ಶಿಲ್ಪಗಳಲ್ಲಿವೆ. ಕೆಳಗಿನಿಂದ ಆನೆ, ಸಿಂಹ, ಲತೆ, ಕುದುರೆಯ ಸವಾರರು, ಅವರ ಮೇಲೆ ಪುರಾಣಕಥೆಗಳು, ಮಕರ, ಹಂಸ, ಹೀಗೆ ಸಾಲುಸಾಲಾಗಿ ಗುಡಿಯನ್ನು ಸುತ್ತುವುವು. ಆನೆಯ ಸಾಲಿನಲ್ಲಿ ಒಂದು ಆನೆಯಂತೆ ಇನ್ನೊಂದಿಲ್ಲ. ಒಂದೇ ಪಟ್ಟಿಯನ್ನು ಹಲವು ಕೈಗಳು ಹಂಚಿಕೊಂಡಿರುವಾಗಲೂ ಒಬ್ಬೊಬ್ಬನ ಕಲ್ಪನೆಗೆ ಎಡೆಯಿದ್ದಿತೆಂಬುದು ಇದರಿಂದ ಸ್ಪಷ್ಟವಾಗುವುದು.

ಹಳೇಬೀಡಿನಿಂದ ಹಾಸನದ ಕಡೆಗೆ ತಿರುಗಿದವರು ದೊಡ್ಡಗದ್ದವಳ್ಳಿಯನ್ನು ಬಿಡಬಾರದು. ಕೆರೆಯ ದಡದ ಈ ಚಿಕ್ಕ ಊರಿನ ಲಕ್ಷ್ಮೀದೇವಾಲಯವು ಬೇಲೂರಿಗಿಂತ ಕೆಲವು ವರುಷ ಹಿಂದಿನದು, ೧೧೧೩ರ ಸುಮಾರಿನದು. ಇದನ್ನು ಕಟ್ಟಿಸಿದವನು ಅರಸನಲ್ಲ, ದಂಡನಾಯಕನೂ ಅಲ್ಲ. ಕುಲ್ಲಹಣ ರಾಹುತನೆಂಬ ವರ್ತಕನೂ ಅವನ ಹೆಂಡತಿ ಸಹಜಾದೇವಿಯೂ ಕಟ್ಟಿಸಿದರು. ಶಾಸನವು ಕಟ್ಟಿಸಿದ ದಂಪತಿಗಳನ್ನು ಹೊಗಳಿದಂತೆಯೇ ಕಟ್ಟಿದ ಮಲ್ಲೋಜ ಮಾಣಿಯೋಜನನ್ನೂ ಹೆಸರಿಸುವುದು. ಹಣವನ್ನು ಕೊಟ್ಟವರ ಪಕ್ಕದಲ್ಲಿ ಕೈಯನ್ನು ಕೊಟ್ಟವನಿಗೂ ಸ್ಥಳವಿತ್ತ ಆ ಕಾಲದ ನ್ಯಾಯಬುದ್ಧಿಯು ಮೆಚ್ಚತಕ್ಕದ್ದು.

ಇನ್ನೊಂದು ಹಗಲಿನ ಬಿಡುವುಳ್ಳವರು ಚನ್ನರಾಯಪಟ್ಟಣ ತಾಲ್ಲೂಕಿನ ನುಗ್ಗೇಹಳ್ಳಿಗೆ ಹೋಗಬಹುದು. ೧೨೪೬ರಲ್ಲಿ ಬೊಮ್ಮಣ್ಣ ದಂಡನಾಯಕನು ಕಟ್ಟಿಸಿದ ಲಕ್ಷ್ಮೀನರಸಿಂಹ ದೇವಾಲಯದಲ್ಲಿ ದಕ್ಷಿಣದ ಗೋಡೆಯು ಬೈಚೋಜನ ಪಾಲಿಗೂ ಉತ್ತರದ ಗೋಡೆಯು ಮಲ್ಲಿತಮ್ಮನ ಪಾಲಿಗೂ ಬಂದಿತ್ತು. ಎರಡು ಕೈಗಳ ಎರಡು ರೀತಿಗಳನ್ನು ಒಂದೇ ಗುಡಿಯ ಪ್ರದಕ್ಷಿಣೆಯಲ್ಲಿ ಹೋಲಿಸಿ ನೋಡುವ ಅವಕಾಶವು ಅಪೂರ್ವವಾದುದು. ಈ ಮಲ್ಲಿತಮ್ಮನ ಹೆಸರು ೧೧೯೬ರ ಅಮೃತಾಪುರದ ಗುಡಿಯಲ್ಲಿ ಮೊದಲು ಕಂಡು, ೧೨೫೮ರ ಸೋಮನಾಥಪುರದಲ್ಲಿ ನಾಲ್ವತ್ತಕ್ಕೂ ಹೆಚ್ಚು ಶಿಲ್ಪಗಳ ಮೇಲೆ ಕಾಣುವುದು. ಎಲ್ಲ ಕಡೆಯೂ ಒಬ್ಬನೇ ಮಲ್ಲಿತಮ್ಮನಾಗಿದ್ದಲ್ಲಿ, ಉಳಿಯನ್ನು ಹಿಡಿದು ಅರುವತ್ತು ವರುಷಗಳಿಗೂ ಮಿಗಿಲಾಗಿ ದುಡಿದ ಬಾಳು ಅದು. ಅವನನ್ನು ನೇಮಿಸಿದ ದಂಡನಾಯಕರು ಬದಲಾದರು, ಸಿಂಹಾಸನದಲ್ಲಿ ಅರಸರು ಬದಲಾದರು. ಅವನ ಕೈ ಬದಲಾಗಲಿಲ್ಲ.

ಇಷ್ಟು ಹೆಸರುಗಳು ಕಲ್ಲಿನ ಮೇಲಿದ್ದರೂ ಜನರ ಬಾಯಲ್ಲಿ ಉಳಿದುದು ಒಂದೇ ಹೆಸರು, ಜಕಣಾಚಾರಿಯದು. ಮಗ ಡಂಕಣನು ತಂದೆಯ ವಿಗ್ರಹದಲ್ಲಿ ದೋಷವನ್ನು ತೋರಿಸಿದುದು, ಕಲ್ಲನ್ನು ಪರೀಕ್ಷಿಸಿದಾಗ ಕಪ್ಪೆಯು ಹೊರಬಂದುದು, ತಂದೆಯು ತನ್ನ ಕೈಯನ್ನು ಕಡಿದುಕೊಂಡುದು, ಕೈದಾಳದಲ್ಲಿ ಕೈ ಮರಳಿ ಬಂದುದು, ಇವೆಲ್ಲವೂ ಸೊಗಸಾದ ಕಥೆಗಳು. ಶಿಲ್ಪಿಗಳ ಅಂಕಿತಗಳಲ್ಲಿ ಮಾತ್ರ ಜಕಣಾಚಾರಿಯು ಸಿಕ್ಕುವುದಿಲ್ಲ. ‘ದಕ್ಷಿಣಾಚಾರಿ’ ಎಂಬ ಸಾಮಾನ್ಯನಾಮವೇ ಹೀಗೆ ಮಾರ್ಪಟ್ಟಿರಬಹುದೆಂದು ವಿದ್ವಾಂಸರಲ್ಲಿ ಕೆಲವರ ಊಹೆ. ಐತಿಹ್ಯವನ್ನು ತಿರಸ್ಕರಿಸಬೇಕಾದುದಿಲ್ಲ. ಕುಶಲಕರ್ಮಿಯನ್ನು ಗೌರವಿಸಬೇಕೆಂಬ ಜನರ ಬಯಕೆಯೇ ಆ ಕಥೆಯನ್ನು ಕಟ್ಟಿತು. ರಾಜ್ಯಸರ್ಕಾರವು ಶಿಲ್ಪಿಗಳಿಗೆ ಕೊಡುವ ಪ್ರಶಸ್ತಿಗೂ ಅದೇ ಹೆಸರು. ಆದರೆ ಒಬ್ಬ ಮಹಾಪುರುಷನ ನೆರಳಿನಲ್ಲಿ ದಾಸೋಜ, ಚಾವಣ, ನಾಗೋಜ, ಮಲ್ಲಿತಮ್ಮರು ಮರೆಯಾದುದು ನ್ಯಾಯವಲ್ಲ. ಒಬ್ಬನೇ ಮಾಡಿದನೆಂದರೆ ಅದು ಪವಾಡವಾಗುವುದು. ಹಲವು ಊರಿನ ಹಲವು ಮನೆತನಗಳು ಸೇರಿ ಮಾಡಿದವೆಂದರೆ ಅದು ಚರಿತ್ರೆಯಾಗುವುದು.

ಆ ಚರಿತ್ರೆಯು ಮರಳಿ ದೊರೆತುದು ಶಾಸನಸಂಶೋಧಕರ ಶ್ರಮದಿಂದ. ಬಿ. ಎಲ್. ರೈಸರು ಹಾಸನ ಜಿಲ್ಲೆಯ ಶಾಸನಗಳ ಸಂಪುಟವನ್ನು ೧೯೦೨ರಲ್ಲಿ ಹೊರತಂದರು. ಅವರ ತರುವಾಯ ಮೈಸೂರಿನ ಪ್ರಾಕ್ತನ ಶೋಧನ ಇಲಾಖೆಯ ಹೊಣೆ ಹೊತ್ತ ಆರ್. ನರಸಿಂಹಾಚಾರ್ಯರು ಸೋಮನಾಥಪುರ, ಬೇಲೂರು, ದೊಡ್ಡಗದ್ದವಳ್ಳಿಗಳ ಗುಡಿಗಳನ್ನು ಕುರಿತು ಪ್ರತ್ಯೇಕ ಗ್ರಂಥಗಳನ್ನು ಬರೆದು, ಪೀಠಗಳ ಮೇಲಿನ ಸಣ್ಣ ಅಕ್ಷರಗಳಿಗೂ ಬೆಲೆಯುಂಟೆಂದು ತೋರಿಸಿದರು. ೨೦೨೩ರಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರಗಳು ಯುನೆಸ್ಕೊ ಸಂಸ್ಥೆಯ ವಿಶ್ವಪರಂಪರೆಯ ಪಟ್ಟಿಗೆ ಸೇರಿದುವು. ಉಳಿಯ ಕಸುಬೂ ಸತ್ತಿಲ್ಲ. ಕೋಲಾರ ಜಿಲ್ಲೆಯ ಮಾಲೂರು ತಾಲ್ಲೂಕಿನ ಶಿವಾರಪಟ್ಟಣದಲ್ಲಿ ಇಂದಿಗೂ ಮನೆಮನೆಯ ಮುಂದೆ ಕಲ್ಲು ಕಡೆಯುವ ಸದ್ದು ಕೇಳುವುದು.

ಸಂಜೆಗೆ ಹಾಸನದ ಮೇಲೆ ಮಲೆಗೆ ಹಿಂದಿರುಗುವವರಿಗೆ ಈ ಪ್ರಯಾಣದಿಂದ ಒಂದು ಕರ್ತವ್ಯವು ತೋರಿಬರಬೇಕು. ಬಿದಿರಿಗೆ ಬಳಪದ ಕಲ್ಲಿನ ಆಯುಸ್ಸಿಲ್ಲ. ಮೇದರು ಬುಟ್ಟಿಯ ಅಡಿಯಲ್ಲಿ ಹೆಸರು ಕೆತ್ತಲಾರರು. ಅವರಿಗೆ ಪೀಠವಾಗಬೇಕಾದುದು ಕಾಗದವೇ. ಊರೂರಿನ ಶಾಲೆಗಳೂ ಪಂಚಾಯಿತಿಗಳೂ ಸಾಹಿತ್ಯಸಂಘಗಳೂ ತಮ್ಮ ಎಲ್ಲೆಯ ಬುಟ್ಟಿ ಹೆಣೆಯುವವರು, ಮರಗೆಲಸದವರು, ಕುಂಬಾರರು, ಕಂಬಳಿ ನೆಯ್ಯುವವರು, ಇವರ ಹೆಸರು, ಗುರುವಿನ ಹೆಸರು, ಬಂದ ಊರು, ಕಲಿತ ಕ್ರಮ ಇಷ್ಟನ್ನು ಅವರ ಒಪ್ಪಿಗೆಯಿಂದ ಬರೆದಿಟ್ಟರೆ ಸಾಕು. ಬಳ್ಳಿಗಾವೆಯ ದಾಸೋಜನು ತನ್ನ ಕುರಿತು ತಿಳಿಸಿದುದೂ ಹೆಚ್ಚುಕಡಮೆ ಇಷ್ಟನ್ನೇ: ತನ್ನ ಹೆಸರು, ತನ್ನ ಊರು, ತನ್ನ ಮಗ. ಒಂಬೈನೂರು ವರುಷಗಳ ಮೇಲೆಯೂ ಅವನನ್ನು ಗುರುತಿಸಲು ಅಷ್ಟೇ ಸಾಕಾಗಿದೆ.