ಕಡತ: ಕೈಯಲ್ಲಿ ಒಯ್ಯುವ ದಫ್ತರ

ಮಂಡಗದ್ದೆಯು ತೀರ್ಥಹಳ್ಳಿಯಿಂದ ಶಿವಮೊಗ್ಗಕ್ಕೆ ಹೋಗುವ ಮಾರ್ಗದಲ್ಲಿ, ತುಂಗಾನದಿಯ ದಂಡೆಯ ಮೇಲಿದೆ. ಇದೇ ನದಿಯ ಮೇಲ್ಭಾಗದಲ್ಲಿ ಶೃಂಗೇರಿಯಿದೆ. ಮಳೆ ಹೆಚ್ಚಾದ ಈ ಮಲೆನಾಡಿನಲ್ಲಿ ಕಾಗದಕ್ಕೆ ತೇವವೂ ಓಲೆಗರಿಗೆ ಹುಳುವೂ ಶತ್ರುಗಳು. ಇಲ್ಲಿ ಲೆಕ್ಕಪತ್ರಗಳನ್ನು ಉಳಿಸಿಕೊಟ್ಟ ಸಾಧನಗಳಲ್ಲಿ ಕಡತವು ಒಂದು. ಶೃಂಗೇರಿ ಮಠದಲ್ಲಿ ಉಳಿದುಬಂದ ಕಡತಗಳು ಈ ಸೀಮೆಯ ಇತಿಹಾಸಕ್ಕೆ ಮುಖ್ಯವಾದ ಆಕರಗಳಾಗಿವೆ.

ಕಡತದ ರಚನೆ ಸರಳವಾದುದು. ಹತ್ತಿಯ ಬಟ್ಟೆಯ ಎರಡು ಮೈಗಳಿಗೂ ಹುಣಸೆಬೀಜದ ಅಂಟಿನಲ್ಲಿ ಕಲಸಿದ ಇದ್ದಲ ಪುಡಿಯನ್ನು ಬಳಿದು ಒಣಗಿಸುತ್ತಿದ್ದರು. ಅನಂತರ ಅದನ್ನು ಕತ್ತರಿಸದೆ ಮಡಿಕೆ ಮಡಿಕೆಯಾಗಿ ಮಡಿಚಿ, ಬಳಪದಿಂದ ಬರೆಯುತ್ತಿದ್ದರು. ಮೈಸೂರಿನಲ್ಲಿ ರೆಸಿಡೆಂಟರಾಗಿದ್ದ ಮಾರ್ಕ್ ವಿಲ್ಕ್ಸರು 1810ರಲ್ಲಿ ಪ್ರಕಟವಾದ ತಮ್ಮ ಇತಿಹಾಸಗ್ರಂಥದಲ್ಲಿ ಇದನ್ನು ವರ್ಣಿಸಿದ್ದಾರೆ. ಅವರು ಕೊಡುವ ಅಳತೆಯಂತೆ ಬಟ್ಟೆಯ ಅಗಲ 8ರಿಂದ 12 ಅಂಗುಲ, ಉದ್ದ 12ರಿಂದ 18 ಅಡಿ. ಉಳ್ಳವರ ಕಡತಕ್ಕೆ ಬಣ್ಣದ ಮರದ ಹಲಗೆಗಳಿದ್ದರೆ, ಸಾಮಾನ್ಯರದಕ್ಕೆ ಒಂದು ದಾರವೇ ಸಾಕಾಗಿತ್ತು. ಬರೆದವನು ತನ್ನ ದಫ್ತರವನ್ನೇ ಕಂಕುಳಲ್ಲಿಟ್ಟುಕೊಂಡು ಊರೂರು ತಿರುಗಬಹುದಾಗಿತ್ತು.

ಬಳಪದ ಅಕ್ಷರವನ್ನು ಒರೆಸಿ ಮತ್ತೆ ಬರೆಯಬಹುದು. ಹಾಗಾದರೆ ಅದನ್ನು ನಂಬುವುದು ಹೇಗೆ? ಟಿಪ್ಪೂಸುಲ್ತಾನನು ಸರ್ಕಾರಿ ಲೆಕ್ಕಗಳಿಗೆ ಕಡತವನ್ನು ಬಳಸಕೂಡದೆಂದು ನಿಷೇಧಿಸಿದನೆಂದು ವಿಲ್ಕ್ಸರು ಹೇಳುತ್ತಾರೆ. ಆದರೆ ವರ್ತಕನೊಬ್ಬನ ಕಡತದಲ್ಲಿ ಸಾಕ್ಷಿಸಮೇತ ಬರೆದಿದ್ದ ಸಾಲಪತ್ರವನ್ನು ವಿಚಾರಣೆಯಲ್ಲಿ ಪುರಾವೆಯಾಗಿ ಸ್ವೀಕರಿಸಿದ್ದನ್ನು ಕಂಡುದಾಗಿಯೂ ಅವರೇ ಬರೆಯುತ್ತಾರೆ. ತಾಮ್ರ, ಶಿಲೆಗಳನ್ನು ಬಿಟ್ಟರೆ ಈ ದೇಶದ ಬರಹಸಾಧನಗಳಲ್ಲಿ ಇದೇ ಹೆಚ್ಚು ಬಾಳಿಕೆಯುಳ್ಳದ್ದೆಂಬುದು ಅವರ ಅಭಿಪ್ರಾಯ. ಇವೆರಡನ್ನೂ ಕೂಡಿಸಿ ನೋಡಿದರೆ ನಮಗೆ ತೋರುವುದಿಷ್ಟು: ಬರಹದ ಪ್ರಾಮಾಣ್ಯವು ಅದನ್ನು ಬರೆದ ವಸ್ತುವಿನಲ್ಲಿಲ್ಲ, ಬರೆದವರ, ಸಾಕ್ಷಿಗಳ ಹಾಗೂ ಕಾಪಾಡಿದವರ ನಡತೆಯಲ್ಲಿದೆ.

ಕಡತವೆಂಬ ಮಾತು ಇಂದಿಗೂ ಬಳಕೆಯಲ್ಲಿದೆ. ಕಚೇರಿಯ ಕಾಗದದ ಕಟ್ಟು ಕಡತ. ಕಂಪ್ಯೂಟರಿನ ಫೈಲೂ ಕಡತವೇ. ತನ್ನ ದಿನದಿನದ ಬರಹವನ್ನು ಅಲಂಕಾರವಿಲ್ಲದ ಬರಿಯ ಅಕ್ಷರಗಳ ಫೈಲುಗಳಲ್ಲಿ ಬರೆದು, ಪೆನ್‌ಡ್ರೈವಿನಲ್ಲಿಟ್ಟು, ಯಾವ ಯಂತ್ರದಲ್ಲಾದರೂ ತೆರೆದು ಮುಂದುವರಿಸುವವನು ಆ ವರ್ತಕನ ದಾರಿಯಲ್ಲಿಯೇ ಇದ್ದಾನೆ. ಇಬ್ಬರ ಬರಹವೂ ಅವರ ಕೈಯಲ್ಲೇ ಇರುತ್ತದೆ. ಓದಲು ವಿಶೇಷ ಉಪಕರಣ ಬೇಡ. ಇಬ್ಬರಿಗೂ ಅಪಾಯವೊಂದೇ: ಪ್ರತಿಯೊಂದೇ ಇದ್ದರೆ, ಅದು ಕಳೆದಾಗ ಎಲ್ಲವೂ ಕಳೆದಂತೆ.

ಆದುದರಿಂದ ವಿದ್ಯಾರ್ಥಿಗಳಲ್ಲಿ ನಮ್ಮದೊಂದು ಸೂಚನೆ. ಹಳೆಯ ಮನೆಯ ಅಟ್ಟದಲ್ಲಿ ಕಪ್ಪು ಬಟ್ಟೆಯ ಮಡಿಕೆಯೊಂದು ಸಿಕ್ಕರೆ, ಧೂಳೆಂದು ಒದ್ದೆ ಬಟ್ಟೆಯಿಂದ ಒರೆಸಬಾರದು. ಮೊದಲು ಅದರ ಛಾಯಾಚಿತ್ರವನ್ನು ತೆಗೆದು, ಪ್ರತಿಮಾಡಬೇಕು. ಶತಮಾನಗಳ ಮಳೆಗಾಲವನ್ನು ದಾಟಿಬಂದ ಲೆಕ್ಕವು ಒಂದು ಕ್ಷಣದ ಶುಚಿತ್ವಕ್ಕೆ ಬಲಿಯಾದೀತು.