ಸಮುದ್ರವಿಲ್ಲದ ಊರಿನ ಖಲಾಸಿಗಳು

ದೌಂಡದಲ್ಲಿ ಸಮುದ್ರವಿಲ್ಲ. ಇರುವುದು ಭೀಮಾ ನದಿ, ದೊಡ್ಡ ರೈಲ್ವೆ ಜಂಕ್ಷನ್ ಮತ್ತು ಸುತ್ತ ಕಬ್ಬಿನ ಹೊಲ. ಕಡಲು ನೋಡಬೇಕೆಂದರೆ ಪುಣೆ ದಾಟಿ, ಸಹ್ಯಾದ್ರಿ ಇಳಿದು ಕೊಂಕಣಕ್ಕೆ ಹೋಗಬೇಕು. ಆದರೂ ಈ ಊರಿಗೆ ಬಂದ ಹೊಸದರಲ್ಲಿ ನನ್ನ ಕಿವಿಗೆ ಮತ್ತೆಮತ್ತೆ ಬಿದ್ದ ಪದ ‘ಖಲಾಸಿ’. ರೈಲ್ವೆಯಲ್ಲಿ ಭಾರ ಎತ್ತುವ, ಮಿಸ್ತ್ರಿಯ ಕೈಕೆಳಗೆ ದುಡಿಯುವ ಕೆಲಸಗಾರನಿಗೆ ಆ ಹೆಸರು. ಖಲಾಸಿಯಾಗಿ ಸೇರಿ ಮಿಸ್ತ್ರಿಯಾಗಿ ನಿವೃತ್ತರಾದವರ ಮಾತು ಇಲ್ಲಿನ ಚಹಾದಂಗಡಿಗಳಲ್ಲಿ ಇಂದಿಗೂ ನಡೆಯುತ್ತದೆ.

ಖಲಾಸಿ ಎಂದರೆ ಮೊದಲು ನಾವಿಕ ಎಂದು ನನಗೆ ತಿಳಿದದ್ದು ಹಡಗಿನ ಕಾದಂಬರಿಗಳ ಹುಚ್ಚು ಹಿಡಿದ ಮೇಲೆ. ಹಡಗಿನಲ್ಲಿ ಹಗ್ಗ ಎಳೆದು, ಭಾರ ಎತ್ತಿ ಪಳಗಿದವರ ಹೆಸರು ನೆಲದ ಮೇಲಿನ ಅದೇ ಬಗೆಯ ದುಡಿಮೆಗೂ ಅಂಟಿಕೊಂಡಿತು. ಕಡಲಿನ ಪದವೊಂದು ಘಟ್ಟ ಹತ್ತಿ ಬಂದು ಹಳಿಗಳ ನಡುವೆ ನೆಲೆಸಿದೆ.

ಅನುವಾದದ ಕೆಲಸ ಮುಗಿದ ರಾತ್ರಿಗಳಲ್ಲಿ ನಾನು ಓದುವುದು ಇಂಥ ಕಾದಂಬರಿಗಳನ್ನೇ. ಸಿ. ಎಸ್. ಫಾರೆಸ್ಟರ್ 1937ರಲ್ಲಿ ಆರಂಭಿಸಿದ ಹಾರ್ನ್‌ಬ್ಲೋವರ್ ಸರಣಿ, ಪ್ಯಾಟ್ರಿಕ್ ಓಬ್ರಿಯನ್ ಬರೆದ ಜಾಕ್ ಆಬ್ರಿ ಮತ್ತು ಸ್ಟೀಫನ್ ಮ್ಯಾಟುರಿನ್ ಕಥೆಗಳ ಇಪ್ಪತ್ತು ಸಂಪುಟಗಳು. ‘ಇನ್ನೂರು ವರ್ಷ ಹಿಂದೆ ಇಂಗ್ಲಿಷರೂ ಫ್ರೆಂಚರೂ ಗುಂಡು ಹಾರಿಸಿಕೊಂಡದ್ದರಲ್ಲಿ ನಿನಗೇನು ಸಿಕ್ಕಿತು?’ ಎಂದು ಗೆಳತಿಯೊಬ್ಬಳು ಕೇಳಿದ್ದಳು. ನ್ಯಾಯವಾದ ಪ್ರಶ್ನೆ. ಅದೇ ನೌಕಾಪಡೆಯ ಬಲದಿಂದಲೇ ನಮ್ಮನ್ನು ಆಳಿದರಲ್ಲ.

ನನಗೆ ಸಿಕ್ಕಿದ್ದು ಕೆಲಸ. ಈ ಕಾದಂಬರಿಗಳಲ್ಲಿ ಯುದ್ಧ ಬರುವುದು ಅಪರೂಪಕ್ಕೆ. ಉಳಿದ ಪುಟಗಳ ತುಂಬ ದುಡಿಮೆ. ಅಟ್ಟೆ ಉಜ್ಜುವುದು, ಹಾಯಿ ಹೊಲಿಯುವುದು, ನೀರಿನ ಪೀಪಾಯಿ ಲೆಕ್ಕ ಹಾಕುವುದು, ಗಾಳಿ ತಿರುಗುವುದನ್ನು ಕಾಯುವುದು. ನೂರಾರು ಹಗ್ಗಗಳಿಗೆ ಒಂದೊಂದು ಹೆಸರು. ಓಬ್ರಿಯನ್ ಅವುಗಳಿಗೆ ಅರ್ಥ ಹೇಳುವ ಗೋಜಿಗೆ ಹೋಗುವುದು ಕಡಿಮೆ. ವೈದ್ಯ ಮ್ಯಾಟುರಿನ್‌ಗೂ ಅವು ತಿಳಿಯುವುದಿಲ್ಲ, ನಮಗೂ ತಿಳಿಯುವುದಿಲ್ಲ. ಆದರೆ ಅಲ್ಲಿರುವ ಪ್ರತಿಯೊಬ್ಬನಿಗೂ ತನ್ನ ಹಗ್ಗ ಯಾವುದೆಂದು ಗೊತ್ತು ಎಂಬ ಭರವಸೆ ಹುಟ್ಟುತ್ತದೆ. ಭಾಷಾಶಾಸ್ತ್ರ ಓದಿದವಳಿಗೆ ಇದು ಸೋಜಿಗ: ಅರ್ಥವಾಗದ ಪದಗಳೇ ಆ ಲೋಕವನ್ನು ನಂಬಿಸುತ್ತವೆ.

2003ರಲ್ಲಿ ಪೀಟರ್ ವಿಯರ್ ಇದನ್ನು ಸಿನಿಮಾ ಮಾಡಿದಾಗ ಕಥೆಯನ್ನು ಸಾಕಷ್ಟು ಬದಲಿಸಿದ. ಕಾದಂಬರಿಯ ಅಮೆರಿಕನ್ ವೈರಿ ಹಡಗು ತೆರೆಯ ಮೇಲೆ ಫ್ರೆಂಚ್ ಹಡಗಾಯಿತು. ಆದರೆ ದುಡಿಮೆಯನ್ನು ಬಿಡಲಿಲ್ಲ. ಅದರಲ್ಲೊಂದು ದೃಶ್ಯವಿದೆ. ಬಿರುಗಾಳಿಗೆ ಕೂವೆಮರ ಮುರಿದು ನೀರಿಗೆ ಬೀಳುತ್ತದೆ. ಒಬ್ಬ ನಾವಿಕ ಅದನ್ನು ಹಿಡಿಯಲು ಈಜುತ್ತಿದ್ದಾನೆ. ಆ ಮರ ಹಗ್ಗಗಳಿಂದ ಜಗ್ಗಿ ಹಡಗನ್ನೇ ಮಗುಚುವಂತಿದೆ. ಕ್ಯಾಪ್ಟನ್ ಕೊಡಲಿ ಎತ್ತುತ್ತಾನೆ. ಜೊತೆಗೆ ಕೊಡಲಿ ಬೀಸುವವನು ನೀರಿನಲ್ಲಿರುವವನ ಗೆಳೆಯ. ಹಗ್ಗ ತುಂಡಾಗುತ್ತದೆ, ಹಡಗು ಉಳಿಯುತ್ತದೆ. ಇಲ್ಲಿ ಖಳನಾಯಕನಿಲ್ಲ. ಹಗ್ಗದ ಒಂದು ತುದಿಯಲ್ಲಿ ಒಬ್ಬ, ಇನ್ನೊಂದು ತುದಿಯಲ್ಲಿ ಎಲ್ಲರೂ.

ನಮ್ಮಲ್ಲೂ ಪ್ರಯತ್ನವಾಗಿದೆ. ಪ್ರಿಯದರ್ಶನ್ ನಿರ್ದೇಶಿಸಿದ ಮಲಯಾಳಂನ ‘ಮರಕ್ಕಾರ್’ 2021ರಲ್ಲಿ ತೆರೆಗೆ ಬಂತು. ಕಲ್ಲಿಕೋಟೆಯ ಸಾಮೂದಿರಿಯ ನೌಕಾ ನಾಯಕನ ಕಥೆ, ಭವ್ಯವಾದ ಹಡಗುಗಳು, ರಾಷ್ಟ್ರಪ್ರಶಸ್ತಿ. ನನಗನ್ನಿಸಿದ್ದು ಇಷ್ಟು: ಅಲ್ಲಿ ಹಡಗು ನಾಯಕನಿಗೆ ರಥವಾಗಿದೆ. ರಥ ಎಳೆಯುವವರ ಮುಖ ಕಾಣುವುದಿಲ್ಲ.

ಕನ್ನಡ ಕರಾವಳಿಯ ಇತಿಹಾಸದಲ್ಲಿ ಇಂಥ ಕಾದಂಬರಿಗೆ ಬೇಕಾದ ಸರಕು ಬೇಕಾದಷ್ಟಿದೆ. 1510ರ ಆರಂಭದಲ್ಲಿ, ಕೆಂಪು ಸಮುದ್ರದ ಕಡೆ ಹೊರಟಿದ್ದ ಪೋರ್ಚುಗೀಸ್ ಅಲ್ಬುಕರ್ಕ್‌ನನ್ನು ಗೋವೆಯತ್ತ ತಿರುಗಿಸಿದವನು ಹೊನ್ನಾವರದ ತಿಮ್ಮೋಜಿ. ಪೋರ್ಚುಗೀಸರು ಗೋವೆ ಹಿಡಿದರು. ಮೇ ತಿಂಗಳಲ್ಲಿ ಬಿಜಾಪುರದ ಸೇನೆ ಅವರನ್ನು ಹೊರಗಟ್ಟಿತು. ಹಡಗು ಹತ್ತಿದರೇನೋ ಸರಿ, ಹೋಗುವುದೆಲ್ಲಿಗೆ? ಮುಂಗಾರು ಶುರುವಾಗಿ ಮಾಂಡೋವಿಯ ಅಳಿವೆ ಮುಚ್ಚಿದಂತಾಗಿತ್ತು. ದಡದಿಂದ ಫಿರಂಗಿ, ಮುಂದೆ ಅಬ್ಬರಿಸುವ ಕಡಲು, ಒಳಗೆ ಇಲಿ ತಿನ್ನುವಷ್ಟು ಹಸಿವು. ಮಳೆಗಾಲವೆಲ್ಲ ಅವರು ನದಿಯಲ್ಲೇ ಸಿಕ್ಕಿಬಿದ್ದರು. ನವೆಂಬರಿನಲ್ಲಿ ಮರಳಿ ಬಂದು ಗೋವೆ ಗೆದ್ದರು. ಆ ಮಳೆಗಾಲವೊಂದೇ ಒಂದು ಕಾದಂಬರಿ.

ಇನ್ನೊಂದು ಕಥೆ 1665ರ ಫೆಬ್ರವರಿಯದು. ಶಿವಾಜಿ ಮಾಲ್ವಣದಿಂದ 85 ಸಣ್ಣ ಹಡಗು, 3 ದೊಡ್ಡ ಹಡಗುಗಳೊಂದಿಗೆ ಗೋವೆಯನ್ನು ದಾಟಿ ಕೆಳದಿ ಅರಸರ ಶ್ರೀಮಂತ ಬಂದರು ಬಸರೂರಿಗೆ ಬಂದ. ಕೊಳ್ಳೆ ಒಂದೇ ದಿನದಲ್ಲಿ ಮುಗಿಯಿತು. ಮರಳುವಾಗ ಗೋಕರ್ಣದಲ್ಲಿ ಸ್ನಾನ ಮಾಡಿ, ಹೆಚ್ಚಿನ ಹಡಗುಗಳನ್ನು ಕಳುಹಿಸಿಬಿಟ್ಟ; ಸುಮಾರು 4000 ಕಾಲಾಳುಗಳೊಂದಿಗೆ ಅಂಕೋಲೆಯತ್ತ ನಡೆದು ಹೊರಟ. ದಾರಿಯ ನದಿಗಳನ್ನು ದಾಟಿಸಲು 12 ಹಡಗುಗಳನ್ನಷ್ಟೇ ಉಳಿಸಿಕೊಂಡ. ಆ ತಿಂಗಳುಗಳಲ್ಲಿ ನಮ್ಮ ತೀರದಲ್ಲಿ ವಾಯವ್ಯದ ಗಾಳಿ ಬೀಸುತ್ತದೆ. ದಕ್ಷಿಣಕ್ಕೆ ಬರುವಾಗ ಬೆನ್ನಿಗೆ ಗಾಳಿ, ಉತ್ತರಕ್ಕೆ ಮರಳುವಾಗ ಎದುರುಗಾಳಿ.

ಬಸರೂರು ಕೊಳ್ಳೆಯಾದವರ ಊರು, ದೌಂಡ ಕೊಳ್ಳೆ ಹೊಡೆದವನನ್ನು ಪೂಜಿಸುವ ಊರು. ಎರಡೂ ಕಡೆಯ ಕಥೆ ಕೇಳುತ್ತ ಬಂದವಳು ನಾನು. ಎರಡರಲ್ಲೂ ಕಾಣದವರು ಒಬ್ಬರೇ: ಆ 88 ಹಡಗುಗಳನ್ನು ನಡೆಸಿದವರು. ಹಡಗುಗಳ ಎಣಿಕೆ ಉಳಿಯಿತು, ಎದುರುಗಾಳಿಯಲ್ಲಿ ಹಾಯಿ ತಿರುಗಿಸಿದವರ ಹೆಸರು ಉಳಿಯಲಿಲ್ಲ.

ಉಳಿದದ್ದು ಅವರ ಮಾತು. ‘ಅಧಿಕಾರದ ಚುಕ್ಕಾಣಿ’ ಎಂದು ಕನ್ನಡ ಪತ್ರಿಕೆಗಳು ಬರೆಯುತ್ತವೆ, ‘ಸುಕಾಣೂ ಸಮಿತಿ’ ಎಂದು ಮರಾಠಿ ಪತ್ರಿಕೆಗಳು. ಎರಡರ ಬೇರೂ ಅರಬ್ಬಿಯ ‘ಸುಕ್ಕಾನ್’. ಅದನ್ನು ಹಿಡಿದವನನ್ನು ಇಂಗ್ಲಿಷರು ‘ಸೀಕನಿ’ ಎಂದರು. ‘ಲಂಗರು’, ‘ಬಂದರು’ ಪರ್ಶಿಯನ್. ಕಾರವಾರದ ಕಡೆ ಇಂದಿಗೂ ಅಡ್ಡಹೆಸರಾಗಿರುವ ‘ತಾಂಡೇಲ’, ಕಂಪನಿ ಹಡಗುಗಳಲ್ಲಿ ‘ಟಿಂಡಾಲ್’. 1811ರಲ್ಲಿ ಥಾಮಸ್ ರೋಬಕ್ ಕಲ್ಕತ್ತೆಯಲ್ಲಿ ಇಂಥ ಪದಗಳದ್ದೇ ಒಂದು ನಿಘಂಟು ಅಚ್ಚು ಹಾಕಿಸಿದ. ಇಂಗ್ಲಿಷ್ ಅಧಿಕಾರಿಗಳು ನಮ್ಮ ನಾವಿಕರಿಗೆ ಆಜ್ಞೆ ಕೊಡಲು ಅದು ಬೇಕಾಗಿತ್ತು. ಅದೇ ನಿಘಂಟನ್ನು ಬಳಸಿಕೊಂಡು ಅಮಿತಾವ್ ಘೋಷ್ 2008ರ ‘ಸೀ ಆಫ್ ಪಾಪ್ಪೀಸ್’ನಲ್ಲಿ ಆ ನಾವಿಕರಿಗೇ ಬಾಯಿ ಕೊಟ್ಟರು.

ಕನ್ನಡದಲ್ಲಿ ಒಂದು ಅಧ್ಯಾಯವನ್ನಾದರೂ ಹೀಗೆ ತರೋಣವೆಂದು ನಾನು ಓಬ್ರಿಯನ್‌ನ ಕೆಲವು ಪುಟಗಳ ಜೊತೆ ಗುದ್ದಾಡಿದೆ. ‘ಹಾಯಿ’ ಇದೆ, ‘ಕೂವೆಮರ’ ಇದೆ. ಹಾಯಿಯ ಕೆಳಮೂಲೆಯನ್ನು ಬಿಗಿಯುವ ಹಗ್ಗಕ್ಕೆ ಬಂದಾಗ ಕೈ ನಿಂತಿತು. ನಿಘಂಟಿನಲ್ಲಿ ಸಿಗುವುದು ಬರೀ ‘ಹಗ್ಗ’. ಕನ್ನಡ ಕರಾವಳಿಯಲ್ಲಿ ಶತಮಾನಗಳ ಕಾಲ ಹಾಯಿ ಎತ್ತಿದವರು ಅದನ್ನು ಬರೀ ಹಗ್ಗ ಎಂದಿರಲಾರರು. ಎಂಜಿನ್ ದೋಣಿಗಳು ಬಂದ ಮೇಲೆ ಆ ಪದಗಳಿಗೆ ಕೆಲಸವಿಲ್ಲ. ಕೆಲಸವಿಲ್ಲದ ಪದ ಅಜ್ಜಂದಿರ ಜೊತೆಗೇ ಹೋಗುತ್ತದೆ.

ರಾಣಿಯರ, ರಾಜರ ಕಡಲಯುದ್ಧಗಳ ಸಿನಿಮಾ ಮುಂದೆ ಕನ್ನಡದಲ್ಲೂ ಬರಬಹುದು, ಬರಲಿ. ಆದರೆ ಅಟ್ಟೆಯ ಮೇಲೆ ನಿಂತವರು ಏನೆಂದು ಕೂಗಬೇಕು ಎಂಬುದು ಅಷ್ಟರಲ್ಲಿ ನಮಗೆ ಗೊತ್ತಿರಬೇಕಲ್ಲ? ಓದುಗರಲ್ಲಿ ಭಟ್ಕಳ, ಕುಮಟಾ, ಮಲ್ಪೆ, ಕಾಸರಗೋಡಿನ ಕಡೆಯವರಿದ್ದರೆ ಒಂದು ಕೋರಿಕೆ. ಮನೆಯಲ್ಲಿ ಹಾಯಿದೋಣಿ ನಡೆಸಿದ ಹಿರಿಯರಿದ್ದರೆ, ಕೊಂಕಣಿಯೋ ತುಳುವೋ ಕನ್ನಡವೋ ಬ್ಯಾರಿಯೋ, ಅವರ ಬಾಯಲ್ಲಿ ಆ ಹಗ್ಗದ ಹೆಸರೇನೆಂದು ಕೇಳಿ, ಈ ಪತ್ರಕ್ಕೆ ಉತ್ತರವಾಗಿ ಬರೆದು ಕಳಿಸಿ. ಆ ಒಂದು ಪದ ಸಿಗುವವರೆಗೆ ನನ್ನ ಅಧ್ಯಾಯದಲ್ಲಿ ಜಾಗ ಖಾಲಿ ಬಿಟ್ಟಿದ್ದೇನೆ.